ಅವಧಿ ಮುಗಿದ ಸಂಘ, ದಾರಿ ಮುಗಿದ ಕಾಯ್ದೆ

ಆಂಧ್ರಪ್ರದೇಶದ 1997ರ ರೈತರ ನೀರಾವರಿ ನಿರ್ವಹಣಾ ಕಾಯ್ದೆಗೆ ಸಿಕ್ಕಷ್ಟು ಹೊಗಳಿಕೆ ಈ ದೇಶದ ನೀರಾವರಿ ಕಾನೂನುಗಳಿಗೆ ಸಿಕ್ಕಿರುವುದು ಅಪರೂಪ. ಅದೇ ವರ್ಷ ಜೂನ್‌ನಲ್ಲಿ ಹತ್ತು ಸಾವಿರಕ್ಕೂ ಹೆಚ್ಚು ನೀರು ಬಳಕೆದಾರರ ಸಂಘಗಳಿಗೆ ಚುನಾವಣೆ ನಡೆದದ್ದು, ವಿಶ್ವಬ್ಯಾಂಕ್ ಅದನ್ನು ಕೊಂಡಾಡಿದ್ದು ಗೊತ್ತಿರುವ ಕಥೆ. ತುಂಗಭದ್ರಾ ಕಾಲುವೆಯ ಆದೋನಿ, ಹೊಳಗುಂದ, ಕೌತಾಳದ ಅಚ್ಚುಕಟ್ಟಿನ ಕಡೆಯಿಂದ ಓದಿದರೆ ಆ ಕೀರ್ತಿ ಕಾಯ್ದೆಯ ಯೋಗ್ಯತೆಗೆ ಮೀರಿದ್ದೆನಿಸುತ್ತದೆ.

ಕಾಯ್ದೆಯಲ್ಲಿ ಒಳ್ಳೆಯದೇ ಇಲ್ಲವೆಂದಲ್ಲ. ಸದಸ್ಯತ್ವದ ಕಲಮಿಗೆ ಅಂಟಿಕೊಂಡ ಒಂದು ಪರಂತುಕ ನಿಜಕ್ಕೂ ದಿಟ್ಟವಾದದ್ದು: ಒಂದೇ ಜಮೀನಿಗೆ ಒಡೆಯನೂ ಗೇಣಿದಾರನೂ ಇದ್ದರೆ ಗೇಣಿದಾರನೊಬ್ಬನೇ ಸಂಘದ ಸದಸ್ಯ. ನೀರು ಕಟ್ಟುವವನಿಗೇ ಮತ ಎಂಬ ನ್ಯಾಯ ಅದು. ಆದರೆ ಅವನು ಹಕ್ಕುದಾಖಲೆಯಲ್ಲಿ ಗೇಣಿದಾರನೆಂದು ನಮೂದಾಗಿರಬೇಕು. ಈ ಸೀಮೆಯ ಕೌಲು, ಅಂದರೆ ಗೇಣಿ, ಬಹುಪಾಲು ಬಾಯಿಮಾತಿನದು. ಬರೆದುಕೊಟ್ಟರೆ ಜಮೀನೇ ಹೋದೀತೆಂದು ಒಡೆಯ ಹೆದರುತ್ತಾನೆ. 2011ರ ಸಾಗುವಳಿದಾರರ ಕಾಯ್ದೆ, 2019ರ ಬೆಳೆ ಸಾಗುವಳಿದಾರರ ಹಕ್ಕುಗಳ ಕಾಯ್ದೆ ಸಾಲಕ್ಕೆ, ಪರಿಹಾರಕ್ಕೆ ಮಾತ್ರ ಚೀಟಿ ಕೊಟ್ಟವು. ಎರಡನೆಯದರ ಒಪ್ಪಂದಕ್ಕೆ ಒಡೆಯನ ಸಮ್ಮತಿ ಬೇಕು, ಅದರ ಆಯುಸ್ಸು ಹನ್ನೊಂದು ತಿಂಗಳು.

ಚುನಾವಣೆ ತಡವಾದರೆ ಆಗುವ ಅನ್ಯಾಯ ಎಲ್ಲರಿಗೂ ಸಮನಲ್ಲ ಎಂಬುದು ಇಲ್ಲೇ ತಿಳಿಯುತ್ತದೆ. ಒಡೆಯನಿಗೆ ಮತ ಇಂದಲ್ಲ ನಾಳೆ ಸಿಗುತ್ತದೆ. ಹನ್ನೊಂದು ತಿಂಗಳ ಕಾಗದ ಹಿಡಿದವನು ಹಕ್ಕುದಾಖಲೆಯಲ್ಲಿದ್ದರೂ ಅವನಿಗೆ ಒಂದು ವರ್ಷದ ವಿಳಂಬವೆಂದರೆ ಮತವೇ ಇಲ್ಲ; ಮುಂದಿನ ಹಂಗಾಮಿಗೆ ಅವನು ಬೇರೆಯವರ ಹೊಲದಲ್ಲಿರುತ್ತಾನೆ. ವಿಳಂಬವೂ ಇಲ್ಲಿ ಅಪರೂಪವಲ್ಲ. ಮೊದಲ ಸಮಿತಿಗಳ ಅವಧಿ 2002ಕ್ಕೆ ಮುಗಿದರೂ ಮರುಚುನಾವಣೆ 2003ರವರೆಗೆ ಕಾಯಿತು. 2024ರ ಡಿಸೆಂಬರ್ 14ರ ಚುನಾವಣೆಗೆ ಮುಂಚೆ ಹಲವು ವರ್ಷ ಚುನಾಯಿತ ಸಮಿತಿಗಳೇ ಇರಲಿಲ್ಲ.

ಆಗ ರೈತ ಎಲ್ಲಿ ದೂರಬೇಕು? ವಿವಾದದ ಕಲಮನ್ನು ನಿಧಾನವಾಗಿ ಓದಬೇಕು. ಸಂಘದ ರಚನೆ, ಆಡಳಿತ, ಅಧಿಕಾರಗಳ ಬಗ್ಗೆ ಸದಸ್ಯರ ನಡುವೆ ಜಗಳವೆದ್ದರೆ ಸಂಘದ ಆಡಳಿತ ಸಮಿತಿಯೇ ತೀರ್ಮಾನಿಸುತ್ತದೆ. ಸಮಿತಿಯ ಮೇಲೇ ದೂರಿದ್ದರೆ ವಿತರಣಾ ಕಾಲುವೆಯ ಸಮಿತಿ, ಅದಕ್ಕೂ ಮೇಲೆ ಯೋಜನಾ ಸಮಿತಿ. ಈ ಮೂರೂ ಮೆಟ್ಟಿಲಲ್ಲಿ ನ್ಯಾಯ ಹೇಳಬೇಕಾದದ್ದು ಚುನಾವಣೆಯಿಂದ ಹುಟ್ಟುವ ಸಮಿತಿ. ಚುನಾವಣೆಯೇ ನಡೆಯದಿದ್ದರೆ ಏಣಿಯ ಈ ಮೂರೂ ಮೆಟ್ಟಿಲು ಒಟ್ಟಿಗೆ ಕಳಚುತ್ತವೆ. ಸರ್ಕಾರದ ಹೊರಗೆ ಉಳಿಯುವುದು ಹೈಕೋರ್ಟಿನ ರಿಟ್ ಅರ್ಜಿ. ಹೊಳಗುಂದದ ಕೌಲು ರೈತ ಅಮರಾವತಿಗೆ ಹೋಗಿ ವಕೀಲರನ್ನಿಟ್ಟು, ತನ್ನ ಬಾಯಿಮಾತಿನ ಕೌಲನ್ನು ಸಾಬೀತು ಮಾಡಿ, ತೀರ್ಪು ಬರುವವರೆಗೆ ಅದೇ ಹೊಲದಲ್ಲಿರಬೇಕು! ಪಂಚಾಯತಿ, ಪುರಸಭೆಗಳಿಗಾದರೆ ಸಂವಿಧಾನದ ಗಡುವಿದೆ. ಅದನ್ನು ಸುಪ್ರೀಂ ಕೋರ್ಟ್ 2006ರ ಕಿಶನ್ ಸಿಂಗ್ ತೋಮರ್ ಪ್ರಕರಣದಲ್ಲಿ ಗಟ್ಟಿಯಾಗಿ ಎತ್ತಿಹಿಡಿದಿದೆ. ನೀರಿನ ಸಂಘಕ್ಕೆ ಆ ಆಸರೆಯೂ ಇಲ್ಲ.

ವಿಮರ್ಶಕರೊಡನೆ ನನ್ನ ತಕರಾರು ಇಲ್ಲಿಂದಲೇ ಶುರು. ವಿ. ರತ್ನ ರೆಡ್ಡಿ ಮತ್ತು ಪಿ. ಪೃಥ್ವಿಕರ್ ರೆಡ್ಡಿ 2005ರಲ್ಲೇ ಈ ಸಂಘಗಳಲ್ಲಿ ಭಾಗವಹಿಸುವಿಕೆ ಎಷ್ಟಿದೆ ಎಂದು ಕೇಳಿದರು. ಅದು ಬೇಕಾದ ಪ್ರಶ್ನೆಯೇ. ಅವರ ನಂತರ ಬಂದ ಅನೇಕರು ಊರಿನ ದೊಡ್ಡವರ ಹಿಡಿತ, ರೈತರ ನಿರಾಸಕ್ತಿ ಎಂಬ ಎರಡು ಮಾತಿನಲ್ಲಿ ಚರ್ಚೆ ಮುಗಿಸಿಬಿಡುತ್ತಾರೆ. ನಿರಾಸಕ್ತಿಯ ಮಾತನ್ನು ನಾನು ಒಪ್ಪುವುದಿಲ್ಲ. 1953ರಲ್ಲಿ ಬಳ್ಳಾರಿ ಜಿಲ್ಲೆ ಒಡೆದು ಆದೋನಿ, ಆಲೂರು ಆಂಧ್ರಕ್ಕೆ ಸೇರಿದವು; ನೀರು ಮಾತ್ರ ಇಂದಿಗೂ ಹೊಸಪೇಟೆಯ ತುಂಗಭದ್ರಾ ಅಣೆಕಟ್ಟಿನಿಂದಲೇ ಬರಬೇಕು. ಅಲ್ಲಿಂದ ಹೊರಡುವ ಕೆಳಮಟ್ಟದ ಕಾಲುವೆಯ ಮೊದಲ ಸುಮಾರು 250 ಕಿ.ಮೀ. ತುಂಗಭದ್ರಾ ಮಂಡಳಿಯ ಕೈಯಲ್ಲಿದೆ. ಈ ಕಾಲುವೆಯಲ್ಲಿ ಆಂಧ್ರದ ಪಾಲು 24 ಟಿಎಂಸಿ, ಅಚ್ಚುಕಟ್ಟು ಒಂದೂವರೆ ಲಕ್ಷ ಎಕರೆ. ಮೇಲಿನವರು ಎಳೆದುಕೊಂಡ ನೀರಿಗಾಗಿ ಕೊನೆ ಭಾಗದ ರೈತ ವರ್ಷವರ್ಷವೂ ಕೂಗಿದ್ದಾನೆ. ಅವನ ಪರವಾಗಿ ಅಧಿಕಾರದಿಂದ ಮಾತಾಡಬೇಕಾದ ಚುನಾಯಿತ ಸಮಿತಿ ಇಲ್ಲದಿದ್ದರೆ ಅದು ಸರ್ಕಾರದ ಲೋಪ. ಅದನ್ನು ರೈತನ ಸ್ವಭಾವವೆಂದು ಬರೆಯುವುದು ತಪ್ಪು.

ಈ ಕಾಯ್ದೆ ಚುನಾವಣೆಯನ್ನು ಸರ್ಕಾರದ ಇಷ್ಟಕ್ಕೆ ಬಿಟ್ಟು, ಮಿಕ್ಕಿದ್ದೆಲ್ಲವನ್ನೂ ಚುನಾವಣೆಯ ಮೇಲೆ ನಿಲ್ಲಿಸಿದೆ. ಅವಧಿ ಮುಗಿಯುವ ಮೊದಲೇ ಜಿಲ್ಲಾಧಿಕಾರಿ ಅಧಿಸೂಚನೆ ಹೊರಡಿಸಲೇಬೇಕೆಂಬ ಗಡುವು, ಸಮಿತಿ ಇಲ್ಲದಾಗ ದೂರು ಕೇಳಲು ಆದೋನಿಯಲ್ಲೇ ಒಂದು ನ್ಯಾಯಪೀಠ, ನೆರೆಹೊಲದವರ ಸಾಕ್ಷಿಯ ಮೇಲೆ ಕೌಲು ರೈತನ ನೋಂದಣಿ: ಈ ಮೂರನ್ನು ಬರೆಯುವವರೆಗೂ 1997ರ ಹೊಗಳಿಕೆಯನ್ನು ಯಾರೂ ಮತ್ತೆ ಉದ್ಧರಿಸಬಾರದು.