ಅಚ್ಚಾದ ಹೆಸರುಗಳು

1989ರ ಏಪ್ರಿಲ್ 19ರ ರಾತ್ರಿ ನ್ಯೂಯಾರ್ಕಿನ ಸೆಂಟ್ರಲ್ ಪಾರ್ಕಿನಲ್ಲಿ ಓಡಲು ಹೋಗಿದ್ದ ಬಿಳಿಯ ಯುವತಿಯೊಬ್ಬಳ ಮೇಲೆ ಅತ್ಯಾಚಾರ ನಡೆಯಿತು. ಅವಳು ಬದುಕಿ ಉಳಿದದ್ದೇ ದೊಡ್ಡದು. ಪೊಲೀಸರು ಆರೋಪ ಹೊರಿಸಿದ್ದು 14ರಿಂದ 16ರ ವಯಸ್ಸಿನ ಐವರು ಹುಡುಗರ ಮೇಲೆ: ನಾಲ್ವರು ಕಪ್ಪು ಜನಾಂಗದವರು, ಒಬ್ಬ ಲ್ಯಾಟಿನೊ. ಕೆನ್ ಬರ್ನ್ಸ್, ಸಾರಾ ಬರ್ನ್ಸ್ ಮತ್ತು ಡೇವಿಡ್ ಮೆಕ್‌ಮಹೊನ್ 2012ರಲ್ಲಿ ತೆಗೆದ ‘ದಿ ಸೆಂಟ್ರಲ್ ಪಾರ್ಕ್ ಫೈವ್’ ಸಾಕ್ಷ್ಯಚಿತ್ರ ಹೇಳುವುದು ಈ ಹುಡುಗರ ಕಥೆಯನ್ನು. ನನಗೆ ಅದು ಅಷ್ಟೇ ಮಟ್ಟಿಗೆ ಪತ್ರಿಕೆಗಳ ಕಥೆಯಾಗಿಯೂ ಕಂಡಿತು.

ಯುವತಿಯ ಹೆಸರನ್ನು ನಗರದ ದೊಡ್ಡ ಪತ್ರಿಕೆಗಳು ಗುಟ್ಟಾಗಿಟ್ಟವು. ಸರಿಯಾದ ಕೆಲಸ. ಆದರೆ ಅಪರಾಧ ಸಾಬೀತಾಗುವ ಎಷ್ಟೋ ಮೊದಲೇ ಬಾಲಕರ ಹೆಸರು, ಮನೆ ವಿಳಾಸಗಳು ಅಚ್ಚಾದವು. ಶೀರ್ಷಿಕೆಗಳಲ್ಲಿ ಅವರು ತೋಳಗಳ ಹಿಂಡಾದರು. ಮೇ 1ರಂದು ಡೊನಾಲ್ಡ್ ಟ್ರಂಪ್ ನಾಲ್ಕು ಪತ್ರಿಕೆಗಳಲ್ಲಿ ಪುಟ ತುಂಬ ಜಾಹೀರಾತು ಕೊಟ್ಟು, ಮರಣದಂಡನೆ ಮತ್ತೆ ಬರಲಿ ಎಂದರು. ಅದೇ ವಾರ ಬ್ರೂಕ್ಲಿನ್‌ನಲ್ಲಿ ಕಪ್ಪು ಮಹಿಳೆಯೊಬ್ಬರ ಮೇಲೆ ಅತ್ಯಾಚಾರವೆಸಗಿ ಅವರನ್ನು ಕಟ್ಟಡದ ಮೇಲಿನಿಂದ ಕೆಳಕ್ಕೆಸೆಯಲಾಯಿತು. ಆ ಸುದ್ದಿಗೆ ಸಿಕ್ಕ ಜಾಗ ತೀರಾ ಕಡಿಮೆ. ಯಾರ ನೋವಿಗೆ ಇಡೀ ನಗರ ಮರುಗಬೇಕೆಂಬುದನ್ನೂ ಸಂಪಾದಕರೇ ತೀರ್ಮಾನಿಸಿದಂತಾಯಿತು.

ಸಿಕ್ಕ ವೀರ್ಯದ ಡಿಎನ್‌ಎ ಐವರಲ್ಲಿ ಯಾರದ್ದಕ್ಕೂ ಹೊಂದಿರಲಿಲ್ಲ. ತಾಸುಗಟ್ಟಲೆ ಪ್ರಶ್ನಿಸಿ ಪಡೆದ ತಪ್ಪೊಪ್ಪಿಗೆಗಳು ಒಂದಕ್ಕೊಂದು ತಾಳೆಯಾಗುತ್ತಿರಲಿಲ್ಲ. ಆದರೂ 1990ರಲ್ಲಿ ಶಿಕ್ಷೆಯಾಯಿತು. ಚಿತ್ರದ ನಿಜವಾದ ಶಕ್ತಿ ಇಲ್ಲಿದೆ: ಆ ತಪ್ಪೊಪ್ಪಿಗೆಯ ವಿಡಿಯೊಗಳನ್ನು ನಾವು ಈಗ, ಸತ್ಯ ಗೊತ್ತಿದ್ದು ನೋಡುತ್ತೇವೆ. ನಿದ್ದೆಗೆಟ್ಟ ಮಕ್ಕಳ ಮುಖ ಕಾಣುತ್ತದೆ. ಅಂದು ಶೀರ್ಷಿಕೆ ಓದಿ ಬಂದವರಿಗೆ ಅದೇ ಮುಖಗಳಲ್ಲಿ ಕ್ರೌರ್ಯ ಕಂಡಿತ್ತು.

2002ರಲ್ಲಿ ನಿಜವಾದ ಅಪರಾಧಿ ತಾನೇ ಒಪ್ಪಿಕೊಂಡ, ಡಿಎನ್‌ಎ ಅವನದಕ್ಕೆ ಹೊಂದಿತು, ಐವರ ಶಿಕ್ಷೆ ರದ್ದಾಯಿತು.

ಚಿತ್ರ ಸೋಲುವುದು ಸುದ್ದಿಮನೆಯ ಬಾಗಿಲಲ್ಲಿ. ಜಿಮ್ ಡ್ವೈಯರ್‌ರಂಥ ಪತ್ರಕರ್ತರು ವೃತ್ತಿಯ ಸೋಲಿನ ಬಗ್ಗೆ ನೇರವಾಗಿ ಮಾತಾಡುತ್ತಾರೆ, ನಿಜ. ಆದರೆ ಪೊಲೀಸರು ಹೇಳಿದ್ದನ್ನು ಪರೀಕ್ಷಿಸದೆ ಮುಖಪುಟಕ್ಕೆ ಏರಿಸಿದ ಬಗೆ, ಅದಕ್ಕೆ ಒಪ್ಪಿಗೆ ಕೊಟ್ಟವರು, ತಡೆಯಬೇಕೆಂದುಕೊಂಡವರು ಇದ್ದರೇ ಎಂಬುದು—ಇವನ್ನು ಅದು ಪಟ್ಟು ಹಿಡಿದು ಕೆದಕುವುದಿಲ್ಲ. ಕೆದಕಬೇಕಿತ್ತು, ಏಕೆಂದರೆ ಅಂದು ಬೇರೂರಿದ ನಂಬಿಕೆ ನ್ಯಾಯಾಲಯದ ಆದೇಶಕ್ಕೂ ಜಗ್ಗಲಿಲ್ಲ. 2014ರಲ್ಲಿ ನಗರವು 4.1 ಕೋಟಿ ಡಾಲರ್ ಪರಿಹಾರಕ್ಕೆ ಒಪ್ಪಿದಾಗ ಟ್ರಂಪ್ ಅದು ನಾಚಿಕೆಗೇಡು ಎಂದು ಲೇಖನ ಬರೆದರು. ಅದನ್ನು ಅಚ್ಚು ಹಾಕಿದ್ದು ನ್ಯೂಯಾರ್ಕ್ ಡೈಲಿ ನ್ಯೂಸ್, ಅವರ ಜಾಹೀರಾತು ಹಾಕಿದ್ದ ನಾಲ್ಕರಲ್ಲಿ ಒಂದು.