‘ಲಸ್ಮಾ’ ಅಂದ ಹುಡುಗರು, ಬೈಸಿಕೊಂಡ ಮೇಡಂ

ಜರ್ಮನಿಯಲ್ಲಿ ಭಾಷೆ ಕೆಡ್ತಾ ಇದೆ ಅಂತ ಗೋಳಾಡೋದಕ್ಕೆ ಒಳ್ಳೇ ಮಾರ್ಕೆಟ್ ಇದೆ. ಬಾಸ್ಟಿಯನ್ ಸಿಕ್ ಅನ್ನೋ ಪತ್ರಕರ್ತರು ಜನರ ವ್ಯಾಕರಣದ ತಪ್ಪುಗಳನ್ನ ಹೆಕ್ಕಿ ತಮಾಷೆಯಾಗಿ ಬರೆದ ಅಂಕಣಗಳು 2004ರಲ್ಲಿ ಪುಸ್ತಕವಾಗಿ ಬಂದು, ಲಕ್ಷಗಟ್ಟಲೆ ಪ್ರತಿ ಖರ್ಚಾದವು. ‘ಭಾಷೆ ಕೆಟ್ಟಿಲ್ಲ ಕಣ್ರಪ್ಪಾ’ ಅನ್ನೋ ಭಾಷಾವಿಜ್ಞಾನಿಗೆ ಏನು ಸಿಗುತ್ತೆ? ಹೈಕೆ ವೀಸೆ ಅವರಿಗೆ ಸಿಕ್ಕಿದ್ದು ಬೈಗುಳ.

ಆಫೀಸಿನ ಕ್ಲೈಂಟ್ ದಯೆಯಿಂದ ಒಂದಿಷ್ಟು ಜರ್ಮನ್ ಕಲಿತಿದ್ದೆ. ಡಿಕ್ಷನರಿ ಪಕ್ಕಕ್ಕಿಟ್ಟುಕೊಂಡು ವೀಸೆಯವರ ‘ಕೀಟ್ಸ್‌ಡಾಯ್ಚ್’ (2012) ಓದಿದೆ. ಬರ್ಲಿನ್ನಿನ ಕ್ರೋಯ್ಟ್ಸ್‌ಬೆರ್ಗ್‌ನಂಥ ಕೇರಿಗಳಲ್ಲಿ ಟರ್ಕಿ, ಅರಬ್, ಜರ್ಮನ್ ಮನೆಗಳ ಹುಡುಗರು ಒಟ್ಟಿಗೆ ಬೆಳೆದು ಆಡೋ ಜರ್ಮನ್ ಅದು. ‘ಪಾರ್ಕಿಗೆ ಹೋಗೋಣ’ ಅನ್ನೋ ಕಡೆ ಆ ‘ಗೆ’ಯನ್ನ ನುಂಗಿಬಿಡ್ತಾರೆ. ಸೋಮಾರಿತನ ಅಂತ ಊರೆಲ್ಲಾ ನಗುತ್ತೆ. ವೀಸೆ ಕೇಳೋದು: ಬರ್ಲಿನ್ನಿನ ಮರ್ಯಾದಸ್ಥರೂ ‘ಅಲೆಕ್ಸಾಂಡರ್‌ಪ್ಲಾಟ್ಸ್ ರೈಲು ಬದಲಾಯ್ಸಿ’ ಅಂತಾರಲ್ಲ, ಅಲ್ಲಿ ವಿಭಕ್ತಿಯ ಕೆಲಸ ಮಾಡೋ ಪದ ಎಲ್ಲಿ ಹೋಯ್ತು? (ನಮ್ಮ ಕಂಡಕ್ಟರ್ ‘ಮೆಜೆಸ್ಟಿಕ್ ಇಳಿಯೋರು’ ಅಂದಾಗ ನಾವು ಇಳೀತೀವಿ, ವ್ಯಾಕರಣ ನೋಡಲ್ಲ.) ‘ಲಸ್ಮಾ’ ಅಂದ್ರೆ ನಾನೂ ಸೇರಿ ಮಾಡೋಣ, ‘ಮುಸ್ಟು’ ಅಂದ್ರೆ ನೀನು ಮಾಡು. ಅಚ್ಚುಕಟ್ಟಾದ ಲೆಕ್ಕ. ಕೋಡ್ ಬರೆಯೋ ನನಗೆ ಈ ಭಾಗ ಓದೋವಾಗ ಖುಷಿಯೋ ಖುಷಿ.

ಆದ್ರೆ ನನ್ನ ತಕರಾರೂ ಅಲ್ಲೇ ಶುರು. ನಿಯಮ ಇದೆ ಅಂತ ತೋರಿಸಿಬಿಟ್ರೆ ನಗೋರು ಸುಮ್ಮನಾಗ್ತಾರೆ ಅನ್ನೋ ಭರವಸೆ ಪುಸ್ತಕದ ಉದ್ದಕ್ಕೂ ಇದೆ. ಹಳ್ಳಿಯಿಂದ ಬೆಂಗಳೂರಿನ ಹಾಸ್ಟೆಲ್ಲಿಗೆ ಬಂದ ವರ್ಷ ನಾನು ‘ಹಾಲು’ನ ‘ಆಲು’ ಅಂದಾಗಲೆಲ್ಲಾ ರೂಮಿನಲ್ಲಿ ನಗು. ನಮ್ಮೂರಲ್ಲಿ ಪದದ ಮೊದಲ ಹಕಾರ ಎಲ್ರ ಬಾಯಲ್ಲೂ ಬೀಳುತ್ತೆ, ಅದೂ ನಿಯಮವೇ. ಅವರಿಗೆ ಅದನ್ನ ವಿವರಿಸಿದ್ರೂ ನಗು ನಿಲ್ತಿರಲಿಲ್ಲ. ನಗ್ತಿದ್ದದ್ದು ಹಕಾರಕ್ಕಲ್ಲ, ನಮ್ಮ ಊರಿಗೆ, ನಮ್ಮಪ್ಪನ ಪಂಚೆಗೆ. ಆದ್ರೆ ವಿವರಣೆ ಅವತ್ತು ನನಗೆ ಗೊತ್ತಿದ್ದಿದ್ರೆ, ಸೆಮಿನಾರಿನಲ್ಲಿ ‘ಹ’ ಇರೋ ಪದಗಳನ್ನೇ ತಪ್ಪಿಸಿ ಮಾತಾಡೋ ಸರ್ಕಸ್ ಮಾಡ್ತಿರಲಿಲ್ಲವೇನೋ.

ವೀಸೆಯವರ ಪುಸ್ತಕದ ನಿಜವಾದ ಓದುಗರು ಯಾರು ಅನ್ನೋ ಪ್ರಶ್ನೆ ಬರೋದು ಇಲ್ಲೇ. ಅವರು ವಾದ ಮಾಡಿದ್ದು ನಗೋರ ಜೊತೆ. ಈ ಹುಡುಗರು ಟೀಚರ್ ಮುಂದೆ ಬೇರೆ ಥರ, ಗೆಳೆಯರ ಜೊತೆ ಬೇರೆ ಥರ ಮಾತಾಡಬಲ್ಲರು ಅನ್ನೋ ಮಾತು ಪುಸ್ತಕದಲ್ಲೇ ಇದೆ. ಗದ್ದಲದಲ್ಲಿ ಅದನ್ನ ಕೇಳಿಸಿಕೊಂಡವರು ಕಮ್ಮಿ. ‘ಇದೂ ಜರ್ಮನ್ನಿನ ಒಂದು ಉಪಭಾಷೆ’ ಅನ್ನೋ ಒಂದೇ ಮಾತಿಗೆ ಜನ ಸಿಡಿದರು.

ಅವರು ಹಿಂದೆ ಸರಿಯಲಿಲ್ಲ, ಅದಕ್ಕೆ ನನ್ನ ನಮಸ್ಕಾರ. ಬಂದ ಬೈಗುಳದ ಇಮೇಲುಗಳನ್ನೂ ಕಾಮೆಂಟುಗಳನ್ನೂ ಡೇಟಾ ಥರ ವಿಂಗಡಿಸಿ 2015ರಲ್ಲಿ ಒಂದು ಸಂಶೋಧನಾ ಲೇಖನ ಬರೆದರು. ವ್ಯಾಕರಣದ ನೆಪದಲ್ಲಿ ಜನ ‘ನಾವು’ ಮತ್ತು ‘ಅವರು’ ಅನ್ನೋ ಗೆರೆ ಹೇಗೆ ಎಳೀತಾರೆ ಅಂತ ಅದ್ರಲ್ಲಿ ಬಿಡಿಸಿ ತೋರಿಸ್ತಾರೆ. ನನ್ನ ಕೇಳಿದ್ರೆ, ಪುಸ್ತಕದ ಮೊದಲ ಅಧ್ಯಾಯ ಅದೇ ಆಗಬೇಕಿತ್ತು. ವಿಭಕ್ತಿಯ ಲೆಕ್ಕಾಚಾರ ಆಮೇಲೆ ಬಂದಿದ್ರೂ ನಡೀತಿತ್ತು.