ಬೆರಳು ಓದುವಾಗ ಮಿದುಳು ಏನು ಮಾಡುತ್ತದೆ

ಶಿಕ್ಷಕರ ತರಬೇತಿಗಳಲ್ಲಿ ಈಗ ಮಿದುಳಿನ ಚಿತ್ರ ಬಾರದೆ ಇರುವುದು ಅಪರೂಪ. ಎಡಭಾಗ ತರ್ಕಕ್ಕೆ, ಬಲಭಾಗ ಕಲೆಗೆ ಎಂದು ಬಣ್ಣ ಬಳಿದು ತೋರಿಸುತ್ತಾರೆ. ಒಂದು ಮಗು ಕಣ್ಣಿನಿಂದ ಕಲಿಯುತ್ತದೆ, ಇನ್ನೊಂದು ಕಿವಿಯಿಂದ, ಮತ್ತೊಂದು ಕೈಯಿಂದ ಎನ್ನುತ್ತಾರೆ. ಯಾವ ಮಗು ಯಾವ ಬಗೆಯದು ಎಂದು ಗುರುತಿಸಿ, ಅದಕ್ಕೆ ತಕ್ಕಂತೆ ಪಾಠ ಮಾಡಿ ಎಂಬುದು ಅಲ್ಲಿ ಸಿಗುವ ಸಲಹೆ. ಬಗೆಬಗೆಯ ಮಕ್ಕಳಿರುವ ತರಗತಿಗೆ ವಿಜ್ಞಾನವೇ ದಾರಿ ತೋರಿಸಿತು ಎಂಬ ನಂಬಿಕೆಯಿಂದ ಮೇಷ್ಟ್ರುಗಳು ಮನೆಗೆ ಹೋಗುತ್ತಾರೆ. ಹೈದರಾಬಾದಿನ ಬೇಗಂಪೇಟೆಯಿಂದ ನೋಡಿದರೆ ಈ ನಂಬಿಕೆ ನಿಲ್ಲುವುದಿಲ್ಲ ಎಂಬುದು ನನ್ನ ವಾದ.

ಬೇಗಂಪೇಟೆಯಲ್ಲಿ ದೇವ್ನಾರ್ ಅಂಧ ಮಕ್ಕಳ ಶಾಲೆಯಿದೆ. ನೇತ್ರತಜ್ಞ ಡಾ. ಎ. ಸಾಯಿಬಾಬಾ ಗೌಡ್ 1990ರ ದಶಕದ ಆರಂಭದಲ್ಲಿ ಕಟ್ಟಿದ ಸಂಸ್ಥೆ ಅದು. ಅಲ್ಲಿನ ಮಕ್ಕಳು ಉಬ್ಬುಚುಕ್ಕೆಗಳ ಮೇಲೆ ಬೆರಳಾಡಿಸಿ ಓದುತ್ತಾರೆ. ತರಬೇತಿಯ ಪಟ್ಟಿಯಲ್ಲಾದರೆ ಇಂಥ ಮಗು ‘ಸ್ಪರ್ಶದಿಂದ ಕಲಿಯುವವರ’ ಗುಂಪಿಗೆ ಸೇರುತ್ತದೆ. ಆದರೆ ಆ ಮಗುವಿನ ಮಿದುಳಿನಲ್ಲಿ ನಡೆಯುವುದು ಬೇರೆ. ಎಳವೆಯಲ್ಲೇ ದೃಷ್ಟಿ ಕಳೆದುಕೊಂಡವರು ಬ್ರೈಲ್ ಓದುವಾಗ ತಲೆಯ ಹಿಂಭಾಗದ ದೃಷ್ಟಿ ಪ್ರದೇಶ ಚುರುಕಾಗುತ್ತದೆ ಎಂದು ನೊರಿಹಿರೊ ಸಡಾಟೊ ಮತ್ತು ಸಂಗಡಿಗರು 1996ರಲ್ಲಿ ‘ನೇಚರ್’ ಪತ್ರಿಕೆಯಲ್ಲಿ ತೋರಿಸಿದರು. ಆ ಚುರುಕು ಓದಿಗೆ ನಿಜವಾಗಿ ಬೇಕೋ, ಸುಮ್ಮನೆ ಜೊತೆಯಲ್ಲಿ ಕಾಣಿಸಿಕೊಂಡದ್ದೋ ಎಂಬ ಸಂಶಯ ಸಹಜವಾಗಿ ಬಂತು. ಮರುವರ್ಷವೇ ಅದಕ್ಕೂ ಉತ್ತರ ಸಿಕ್ಕಿತು. ಅಯಸ್ಕಾಂತದ ಮಿಡಿತದಿಂದ ಆ ಪ್ರದೇಶವನ್ನು ಕ್ಷಣಕಾಲ ಕದಡಿದಾಗ ಬೆರಳಿನ ಓದು ತಪ್ಪತೊಡಗಿತು. 2011ರಲ್ಲಿ ಇನ್ನೊಂದು ತಂಡ, ಕಣ್ಣಿದ್ದವರು ಮುದ್ರಿತ ಪದ ಗುರುತಿಸಲು ಬಳಸುವ ಜಾಗವನ್ನೇ ಹುಟ್ಟಿನಿಂದ ದೃಷ್ಟಿಯಿಲ್ಲದವರು ಬ್ರೈಲ್‌ಗೆ ಬಳಸುತ್ತಾರೆ ಎಂದು ಕಂಡಿತು.

ಹಾಗಾದರೆ ಈ ಮಗು ಕಣ್ಣಿನ ಕಲಿಕೆಯದೋ, ಕೈಯ ಕಲಿಕೆಯದೋ? ಪ್ರಶ್ನೆಯೇ ಸರಿಯಿಲ್ಲ. ಕನಿಷ್ಠ ಓದಿನ ಮಟ್ಟಿಗಾದರೂ ಮಿದುಳು ನೋಡುವುದು ಮಾಡಬೇಕಾದ ಕೆಲಸವನ್ನು. ಆ ಕೆಲಸ ಯಾವ ಇಂದ್ರಿಯದ ಬಾಗಿಲಿನಿಂದ ಬಂದರೂ ಸೇರುವ ಜಾಗ ಹೆಚ್ಚುಕಡಿಮೆ ಒಂದೇ. ಇಂಥ ಪುರಾವೆ ಕಾಲು ಶತಮಾನದಿಂದ ಕಣ್ಣೆದುರಿಗಿರುವಾಗ ಮಕ್ಕಳನ್ನು ಕಣ್ಣು-ಕಿವಿ-ಕೈ ಎಂದು ಮೂರು ಸಾಲಿನಲ್ಲಿ ಕೂರಿಸುವುದು ಅನ್ಯಾಯ. ಹೆರಾಲ್ಡ್ ಪ್ಯಾಶ್ಲರ್ ಮತ್ತು ಸಹಲೇಖಕರು 2008ರಲ್ಲಿ ಕಲಿಕಾ ಶೈಲಿಯ ಅಧ್ಯಯನಗಳನ್ನೆಲ್ಲ ಜಾಲಾಡಿ, ಶೈಲಿಗೆ ತಕ್ಕಂತೆ ಕಲಿಸಿದರೆ ಹೆಚ್ಚು ಫಲ ಸಿಗುತ್ತದೆ ಎನ್ನಲು ತಕ್ಕ ಆಧಾರವಿಲ್ಲ ಎಂದರು. ಆದರೂ 2012ರಲ್ಲಿ ಬ್ರಿಟನ್ ಮತ್ತು ನೆದರ್ಲೆಂಡ್ಸ್‌ನ 242 ಶಿಕ್ಷಕರನ್ನು ಕೇಳಿದಾಗ ಹತ್ತರಲ್ಲಿ ಒಂಬತ್ತಕ್ಕೂ ಹೆಚ್ಚು ಮಂದಿ ಅದನ್ನು ನಂಬಿದ್ದರು. ಅವರೆಲ್ಲ ಮಿದುಳಿನ ಬಗ್ಗೆ ಆಸಕ್ತಿಯಿದ್ದ ಶಿಕ್ಷಕರು ಎಂಬುದನ್ನು ಗಮನಿಸಬೇಕು. ಒಳ್ಳೆಯ ಮೇಷ್ಟ್ರ ಕುತೂಹಲವನ್ನು ಇಂಥ ತರಬೇತಿಗಳ ವ್ಯಾಪಾರ ದುರುಪಯೋಗ ಮಾಡಿಕೊಳ್ಳುತ್ತದೆ. ನನ್ನ ಸಿಟ್ಟಿರುವುದು ಅಲ್ಲಿ.

ಇನ್ನೊಂದು ಎಚ್ಚರಿಕೆ ಬ್ರೈಲ್ ಸಂಶೋಧನೆಗೂ ಸಲ್ಲುತ್ತದೆ. ಅದು ಎಷ್ಟೇ ಸೊಗಸಾಗಿದ್ದರೂ, ನಾಳೆ ಬೆಳಗಿನ ಮೊದಲ ಪಿರಿಯಡ್‌ನಲ್ಲಿ ಬ್ರೈಲ್ ಹೇಗೆ ಕಲಿಸಬೇಕೆಂದು ಹೇಳುವುದಿಲ್ಲ. 1997ರಲ್ಲಿ ಜಾನ್ ಬ್ರೂಅರ್ ಎತ್ತಿದ ತಕರಾರು ಇದೇ: ನರಕೋಶದಿಂದ ನೇರ ತರಗತಿಗೆ ಸೇತುವೆ ಕಟ್ಟಲಾಗದು, ನಡುವೆ ಮನಶ್ಶಾಸ್ತ್ರದ ದಡವೊಂದು ಬೇಕು. ಬೇಗಂಪೇಟೆಗೆ ಈ ಮಾತು ಹೊಸದಾಗಬಾರದು. 1897ರ ಆಗಸ್ಟ್ 20ರಂದು ರೊನಾಲ್ಡ್ ರಾಸ್ ಸೊಳ್ಳೆಯ ಹೊಟ್ಟೆಯಲ್ಲಿ ಮಲೇರಿಯಾದ ರೋಗಾಣುವನ್ನು ಕಂಡದ್ದು ಇಲ್ಲೇ. ಆದರೆ ಸೂಕ್ಷ್ಮದರ್ಶಕದಡಿ ಕಂಡ ಮಾತ್ರಕ್ಕೆ ಯಾರ ಜ್ವರವೂ ಇಳಿಯಲಿಲ್ಲ. ನಿಂತ ನೀರು, ಚರಂಡಿ, ಸೊಳ್ಳೆ ಪರದೆಗಳ ಬೇರೆಯದೇ ವಿದ್ಯೆ ಬೇಕಾಯಿತು, ರಾಸ್ ಮುಂದೆ ಅದಕ್ಕಾಗಿಯೇ ದುಡಿದರು.

ಆ ನಡುವಿನ ದಡದಲ್ಲಿ ನಮ್ಮ ನೆಲದಲ್ಲೇ ಒಳ್ಳೆಯ ಕೆಲಸ ನಡೆದಿದೆ. ಬೆಂಗಳೂರಿನ ಪ್ರಾಮಿಸ್ ಫೌಂಡೇಶನ್‌ನ ಸೋನಾಲಿ ನಾಗ್ 2007ರಲ್ಲಿ ಕನ್ನಡ ಓದಲು ಕಲಿಯುವ ಮಕ್ಕಳ ಬಗ್ಗೆ ಪ್ರಕಟಿಸಿದ ಅಧ್ಯಯನವನ್ನು ಪ್ರತಿಯೊಬ್ಬ ಪ್ರಾಥಮಿಕ ಶಾಲಾ ಶಿಕ್ಷಕರೂ ತಿಳಿದಿರಬೇಕು. ಇಂಗ್ಲಿಷಿನ 26 ಅಕ್ಷರಗಳನ್ನು ಮಗು ಒಂದು ವರ್ಷದಲ್ಲಿ ಗುರುತಿಸೀತು. ಕನ್ನಡದಲ್ಲಿ ವರ್ಣಮಾಲೆ ಮುಗಿಸಿದರೂ ಓದು ಮುಗಿಯುವುದಿಲ್ಲ. ಕಾಗುಣಿತ ಸೇರಿದರೆ ನಾನ್ನೂರಕ್ಕೂ ಹೆಚ್ಚು ರೂಪಗಳು, ಮೇಲೆ ಒತ್ತಕ್ಷರಗಳು. ಅಕ್ಷರಗಳ ಮೇಲಿನ ಹಿಡಿತ ಬರಲು ಮೂರು-ನಾಲ್ಕನೇ ತರಗತಿಯವರೆಗೂ, ಕೆಲವರಿಗೆ ಅದಕ್ಕಿಂತ ಹೆಚ್ಚೂ ಸಮಯ ಬೇಕು. ಅಕ್ಷರದೊಳಗಿನ ಬಿಡಿ ಧ್ವನಿಯ ಅರಿವೂ ನಿಧಾನವಾಗಿಯೇ ಮೂಡುತ್ತದೆ. ಇದನ್ನು ಅರಿಯದೆ ಇಂಗ್ಲಿಷ್ ಮಕ್ಕಳ ಅಳತೆಯಲ್ಲಿ ನೋಡಿದರೆ ಎರಡನೇ ತರಗತಿಯ ಸಹಜ ಮಗುವೂ ಹಿಂದುಳಿದಂತೆ ಕಾಣುತ್ತದೆ. ಈ ಕೆಲಸಕ್ಕೆ ಬೇಕಾದದ್ದು ಮಕ್ಕಳ ಪಕ್ಕ ಕೂತು ಓದಿಸಿ ನೋಡುವ ತಾಳ್ಮೆ. ಸ್ಕ್ಯಾನ್ ಯಂತ್ರದ ಅಗತ್ಯ ಬೀಳಲಿಲ್ಲ.

ಬ್ರೈಲ್ ಇಲ್ಲೊಂದು ಅಚ್ಚರಿಯ ವ್ಯತ್ಯಾಸ ತರುತ್ತದೆ. ಭಾರತಿ ಬ್ರೈಲ್‌ನಲ್ಲಿ ‘ಕಿ’ ಎಂದರೆ ‘ಕ’ದ ಚುಕ್ಕೆಗಳು, ಆಮೇಲೆ ‘ಇ’ಯ ಚುಕ್ಕೆಗಳು. ಗುಡಿಸು ಅಕ್ಷರದ ಮೇಲೆ ಏರಿ ಕೂರುವುದಿಲ್ಲ, ಒತ್ತು ಕೆಳಗೆ ಇಳಿಯುವುದಿಲ್ಲ, ಎಲ್ಲವೂ ಒಂದೇ ಸಾಲಿನಲ್ಲಿ ಸಾಗುತ್ತದೆ. ಅಂದರೆ ಒಂದೇ ಕನ್ನಡವನ್ನು ಓದುವ ಇಬ್ಬರು ಮಕ್ಕಳಲ್ಲಿ ಒಬ್ಬರು ನೂರಾರು ರೂಪಗಳನ್ನು ನೆನಪಿಡಬೇಕು, ಇನ್ನೊಬ್ಬರು ಕೆಲವೇ ಚುಕ್ಕೆಗುಂಪುಗಳನ್ನು ಕ್ರಮವಾಗಿ ಜೋಡಿಸಿಕೊಳ್ಳಬೇಕು. ಇಬ್ಬರಿಗೂ ಕಷ್ಟವಿದೆ, ಆದರೆ ಬೇರೆ ಬೇರೆ ಕಡೆ. ವೈವಿಧ್ಯವನ್ನು ಇಷ್ಟು ಹತ್ತಿರದಿಂದ ನೋಡಿದಾಗಲೇ ಪಾಠ ಬದಲಾಗುವುದು.

ಬೇಗಂಪೇಟೆಯ ತರಗತಿಗಳಲ್ಲಿ ಮಕ್ಕಳ ನಡುವಿನ ದೊಡ್ಡ ವ್ಯತ್ಯಾಸ ಭಾಷೆಯದು. ಬೀದರ್, ಕಲಬುರಗಿ, ರಾಯಚೂರು ಕಡೆಯಿಂದ ಬಂದ ಮನೆಯ ಮಗುವನ್ನು ನೆನೆಯಿರಿ. ಮನೆಯಲ್ಲಿ ಕನ್ನಡ, ಗಲ್ಲಿಯಲ್ಲಿ ದಖನಿ, ಪುಸ್ತಕದಲ್ಲಿ ಇಂಗ್ಲಿಷ್. 2018ರ ಕಾಯ್ದೆಯಿಂದ ತೆಲಂಗಾಣದ ಶಾಲೆಗಳಲ್ಲಿ ತೆಲುಗು ಕಡ್ಡಾಯ, ಹಾಗಾಗಿ ಅದೂ ಸೇರಿತು. ಇಷ್ಟು ಭಾಷೆ ಮಿದುಳಿಗೆ ಹೊರೆಯೋ, ವರವೋ ಎಂದು ತಾಯ್ತಂದೆಯರು ಕೇಳುತ್ತಾರೆ. ಇಲ್ಲಿ ಪಕ್ಕದ ಪಂಜಗುಟ್ಟದ ನಿಮ್ಸ್ ಆಸ್ಪತ್ರೆಯ ಹೆಸರು ಬರುತ್ತದೆ. ಸುವರ್ಣಾ ಅಲ್ಲಾಡಿ ಮತ್ತು ಸಂಗಡಿಗರು ಅಲ್ಲಿ ಮರೆವಿನ ರೋಗಕ್ಕೆ ಬಂದ 648 ಮಂದಿಯ ದಾಖಲೆ ನೋಡಿ, 2013ರಲ್ಲಿ ಒಂದು ಫಲಿತಾಂಶ ಪ್ರಕಟಿಸಿದರು: ಎರಡು ಅಥವಾ ಹೆಚ್ಚು ಭಾಷೆ ಬಲ್ಲವರಲ್ಲಿ ರೋಗ ಸುಮಾರು ನಾಲ್ಕೂವರೆ ವರ್ಷ ತಡವಾಗಿ ಕಾಣಿಸಿಕೊಂಡಿತ್ತು, ಶಾಲೆಯ ಮೆಟ್ಟಿಲು ಹತ್ತದವರಲ್ಲೂ ಈ ವ್ಯತ್ಯಾಸವಿತ್ತು. ನನಗೆ ಬಹಳ ಪ್ರಿಯವಾದ ಅಧ್ಯಯನ ಇದು. ಹೈದರಾಬಾದಿನ ಬೀದಿಯ ಬಹುಭಾಷೆ ಜಗತ್ತಿನ ವೈದ್ಯಪತ್ರಿಕೆಗೆ ಪಾಠವಾಯಿತಲ್ಲ. ಆದರೂ ಅದು ವಯಸ್ಸಾದವರ ರೋಗದ ಮಾತು. ಅದನ್ನು ಎಳೆದು ತಂದು, ಮೂರು ಭಾಷೆ ಕಲಿಸಿದರೆ ಮಗು ಚುರುಕಾಗುತ್ತದೆ ಎನ್ನುವಂತಿಲ್ಲ. ಎರಡಕ್ಕಿಂತ ಹೆಚ್ಚು ಭಾಷೆ ಬಂದರೆ ಇನ್ನಷ್ಟು ಲಾಭ ಎಂಬುದೂ ಆ ಅಧ್ಯಯನದಲ್ಲಿ ಕಾಣಲಿಲ್ಲ.

ಮಕ್ಕಳ ಬಗ್ಗೆ ತಿಳಿಯಬೇಕಾದರೆ ಬೇರೆ ಕಡೆ ನೋಡಬೇಕು. ಕೇಂಬ್ರಿಡ್ಜ್‌ನ ಇಯಾಂಥಿ ಸಿಂಪ್ಲಿ ಅವರ ಮುಂದಾಳತ್ವದಲ್ಲಿ 2016ರಿಂದ 2020ರವರೆಗೆ ದೆಹಲಿ, ಹೈದರಾಬಾದ್, ಪಟ್ನಾಗಳ ಪ್ರಾಥಮಿಕ ಶಾಲೆಗಳಲ್ಲಿ ನಡೆದ ಅಧ್ಯಯನ ಅದಕ್ಕೆ ಹೆಚ್ಚು ಹತ್ತಿರದ್ದು. ಇಂಗ್ಲಿಷ್ ಮಾಧ್ಯಮ ಎಂಬ ಬೋರ್ಡಿರುವ ತರಗತಿಗಳಲ್ಲಿ ಶಿಕ್ಷಕರು ಮಕ್ಕಳ ಭಾಷೆಯನ್ನು ಧಾರಾಳವಾಗಿ ಬೆರೆಸಿಯೇ ಪಾಠ ಮಾಡುತ್ತಾರೆ ಎಂದು ಅದು ದಾಖಲಿಸಿತು. ಈ ಬೆರಕೆಯನ್ನು ಕದ್ದುಮುಚ್ಚಿ ಮಾಡುವ ತಪ್ಪಿನಂತೆ ನೋಡುವ ಶಾಲೆಗಳು ತಮ್ಮ ಶಿಕ್ಷಕರ ಬಹುದೊಡ್ಡ ಸಾಮರ್ಥ್ಯವನ್ನು ಅವಮಾನಿಸುತ್ತಿವೆ.

ಮಿದುಳಿನ ವಿಜ್ಞಾನದಿಂದ ತರಗತಿಗೆ ಏನೂ ಸಿಗಲಿಲ್ಲವೆಂದು ನಾನು ಹೇಳುತ್ತಿಲ್ಲ. ಲಖನೌ ಸುತ್ತಲಿನ ಹಳ್ಳಿಗಳ ಅನಕ್ಷರಸ್ಥ ವಯಸ್ಕರು ಆರು ತಿಂಗಳು ದೇವನಾಗರಿ ಕಲಿತಾಗ ಅವರ ಮಿದುಳಿನ ಆಳದ ಜಾಲಗಳಲ್ಲೂ ಬದಲಾವಣೆ ಕಂಡಿತೆಂದು 2017ರಲ್ಲಿ ಪ್ರಕಟವಾಯಿತು. ಹೈದರಾಬಾದ್ ವಿಶ್ವವಿದ್ಯಾಲಯದ ರಮೇಶ್ ಕುಮಾರ್ ಮಿಶ್ರಾ ಆ ತಂಡದಲ್ಲಿದ್ದರು. ಕಲಿತವರ ಸಂಖ್ಯೆ ಚಿಕ್ಕದು, ಹಾಗಾಗಿ ಅದರ ಮೇಲೆ ದೊಡ್ಡ ಮನೆ ಕಟ್ಟಬಾರದು. ಆದರೆ ಮೂವತ್ತರ ಹೆಣ್ಣುಮಗಳಿಗೆ ಇನ್ನು ಅಕ್ಷರ ಹತ್ತುವುದಿಲ್ಲ ಎನ್ನುವವರಿಗೆ ತೋರಿಸಲು ಅಷ್ಟಾದರೂ ಸಿಕ್ಕಿತು.

ಇದೇ ವಿಜ್ಞಾನದ ಮನೆಯಿಂದ ಬಂದ, ತರಗತಿಗೆ ನೇರ ಒದಗುವ ವಸ್ತು ಎಂದರೆ ‘ಡಾಲಿ’. ಮಾನೇಸರದ ರಾಷ್ಟ್ರೀಯ ಮಿದುಳು ಸಂಶೋಧನಾ ಕೇಂದ್ರದಲ್ಲಿ ನಂದಿನಿ ಚಟರ್ಜಿ ಸಿಂಗ್ ಅವರ ತಂಡ ರೂಪಿಸಿದ ಡಿಸ್ಲೆಕ್ಸಿಯಾ ಪರೀಕ್ಷೆ ಇದು. ಮೊದಲು ಹಿಂದಿ, ಮರಾಠಿ, ಕನ್ನಡ, ಇಂಗ್ಲಿಷ್‌ಗಳಲ್ಲಿ ಸಿದ್ಧವಾಯಿತು. ಓದಿನ ತೊಡಕನ್ನು ಮಗುವಿನ ಭಾಷೆಯಲ್ಲೇ ಅಳೆಯಬೇಕೆಂಬ ಪಟ್ಟು ಇದರ ದೊಡ್ಡ ಗುಣ. ನಿರ್ದಿಷ್ಟ ಕಲಿಕಾ ನ್ಯೂನತೆಯನ್ನು 2016ರ ಅಂಗವಿಕಲರ ಹಕ್ಕುಗಳ ಕಾಯ್ದೆ ಒಪ್ಪಿಕೊಂಡ ಮೇಲೆ ಪ್ರಮಾಣಪತ್ರದ ಬೇಡಿಕೆ ಬಂದಿದೆ. ಇಂಗ್ಲಿಷಿನಲ್ಲಷ್ಟೇ ಪರೀಕ್ಷಿಸಿ ಪತ್ರ ಕೊಟ್ಟರೆ, ಇಂಗ್ಲಿಷ್ ಕೇಳಿಯೇ ಅರಿಯದ ಮಗುವಿಗೆ ಇಲ್ಲದ ನ್ಯೂನತೆ ಅಂಟುತ್ತದೆ. ನಿಜವಾದ ತೊಡಕಿರುವ ಮಗುವನ್ನು ‘ಇಂಗ್ಲಿಷ್ ಬಾರದ್ದಕ್ಕೆ ಹೀಗೆ’ ಎಂದು ಬಿಟ್ಟುಬಿಡುವುದೂ ಉಂಟು. ಎರಡೂ ಒಂದೇ ಬೆಂಚಿನಲ್ಲಿ ಆಗಬಹುದು.

ಮೂರನೇ ತರಗತಿಗೆ ಬಂದರೂ ಓದಲಾಗದ ಕನ್ನಡದ ಮಗುವೊಂದು ಬೇಗಂಪೇಟೆಯ ಶಾಲೆಯಲ್ಲಿದ್ದರೆ ಏನು ಮಾಡಬೇಕು? ಅದು ಕನ್ನಡ ಲಿಪಿಯನ್ನು ಕಲಿತಿರಲಾರದು, ಆದರೂ ಮಾತಿನಲ್ಲೇ ಕೇಳಬಹುದು: ‘ಬಾಗಿಲು’ ಎನ್ನುವುದರಿಂದ ‘ಬಾ’ ತೆಗೆದರೆ ಏನು ಉಳಿಯಿತು? ‘ಮರ’, ‘ಮನೆ’, ‘ಕೆರೆ’ ಇವುಗಳಲ್ಲಿ ಶುರುವಿನ ಸದ್ದು ಬೇರೆಯಾದದ್ದು ಯಾವುದು? ಇಲ್ಲಿ ಸಲೀಸಾಗಿ ಉತ್ತರಿಸುವ ಮಗುವಿಗೆ ಮೊದಲು ಬೇಕಾದದ್ದು ಇಂಗ್ಲಿಷ್ ಮಾತಿನ ಬಳಕೆ, ಮತ್ತೆ ತೆಲುಗು ಅಕ್ಷರ. ಕನ್ನಡ ಲಿಪಿಗೆ ಹತ್ತಿರದ ಆ ಅಕ್ಷರ ಮುಂದೆ ಮನೆಭಾಷೆಯ ಓದಿಗೂ ಬಾಗಿಲು ತೆರೆಯುತ್ತದೆ. ಇಲ್ಲಿಯೂ ತಡವರಿಸುವ ಮಗುವನ್ನು ಕಾಯಿಸದೆ ತಜ್ಞರ ಬಳಿ ಕಳಿಸಬೇಕು. ಪ್ರಶ್ನೆ ಕೇಳಲು ಕನ್ನಡ ಬಲ್ಲವರು ಶಾಲೆಯಲ್ಲಿಲ್ಲ ಎಂಬ ನೆಪ ಬೇಡ. ಕಾಚಿಗುಡದಲ್ಲಿ ಕರ್ನಾಟಕ ಸಾಹಿತ್ಯ ಮಂದಿರವಿದೆ, ನಗರದ ತುಂಬ ಕನ್ನಡದ ಮನೆಗಳಿವೆ. ತರಬೇತಿಯ ಒಂದು ದಿನವನ್ನು ಎಡ-ಬಲ ಮಿದುಳಿಗೆ ಕೊಡುವ ಬದಲು ಇಂಥವರನ್ನು ಶಿಕ್ಷಕರ ಜೊತೆ ಕೂರಿಸಿ ಈ ಪ್ರಶ್ನೆಗಳನ್ನು ರೂಢಿ ಮಾಡಿಸಲಿ.